ನಷ್ಟಭರ್ತಿಯ ವಚನವೂ ದಂಡದ ಅಧಿಕಾರವೂ : ಒಂದು ವಿಮರ್ಶೆ

೧೮೭೨ರ ಭಾರತೀಯ ಕರಾರು ಅಧಿನಿಯಮದ ೭೪ನೆಯ ಕಲಮಿನ ಕೆಳಗೆ ಒಂದು ಚಿಕ್ಕ ದೃಷ್ಟಾಂತವಿದೆ. ಸಾಲಗಾರನೊಬ್ಬನು ತನ್ನ ಸಾಹುಕಾರನಿಗೆ ಸಾಲದ ಬಾಬ್ತು ಗೊತ್ತುಪಡಿಸಿದ ದಿನದಂದು ೧೦ ಮಣ ಧಾನ್ಯವನ್ನು ಅಳೆಯುವುದಾಗಿಯೂ, ಆ ದಿನ ತಪ್ಪಿದಲ್ಲಿ ೨೦ ಮಣ ಅಳೆಯುವುದಾಗಿಯೂ ಬರೆದುಕೊಡುತ್ತಾನೆ. ಇದು ದಂಡರೂಪದ ಷರತ್ತು ಎಂದು ಅಧಿನಿಯಮವೇ ಹೇಳುತ್ತದೆ. ಸಾಹುಕಾರನಿಗೆ ೨೦ ಮಣ ಕೇಳುವ ಹಕ್ಕಿಲ್ಲ. ಸಮಂಜಸವೆಂದು ನ್ಯಾಯಾಲಯಕ್ಕೆ ತೋರಿದಷ್ಟು ಪರಿಹಾರವನ್ನು, ಅದೂ ಬರೆದ ಪ್ರಮಾಣಕ್ಕೆ ಮೀರದಂತೆ, ಪಡೆಯುವ ಹಕ್ಕು ಮಾತ್ರ ಉಂಟು. ನವಲಿ, ಕಾರಟಗಿ, ಗಂಗಾವತಿಗಳ ಭತ್ತದ ಸೀಮೆಯಲ್ಲಿ ವ್ಯಾಪಾರ ಮಾಡುವವರಿಗೆ ಈ ದೃಷ್ಟಾಂತವನ್ನು ಬಿಡಿಸಿ ಹೇಳಬೇಕಾದ ಅಗತ್ಯವಿಲ್ಲ. ಮಣ ಹೋಗಿ ಕ್ವಿಂಟಲ್ ಬಂದಿದೆ. ಕೈಬರಹದ ಕಾಗದ ಹೋಗಿ ಛಾಪಾ ಕಾಗದ ಬಂದಿದೆ. ಆದರೆ ಮಾತು ತಪ್ಪಿದವನು ಇಮ್ಮಡಿ ತೆರಲಿ ಎಂಬ ಬಯಕೆ ಮಾತ್ರ ಹಾಗೆಯೇ ಉಳಿದಿದೆ.

ಈ ಬಯಕೆಯು ಇತ್ತೀಚೆಗೆ ಹೊಸ ಹೆಸರೊಂದನ್ನು ಧರಿಸಿ ಎಲ್ಲೆಡೆಯೂ ಕಾಣಿಸಿಕೊಳ್ಳುತ್ತಿದೆ. ಆ ಹೆಸರು ಇಂಡೆಮ್ನಿಟಿ ಬಾಂಡ್, ಅಂದರೆ ನಷ್ಟಭರ್ತಿ ಪತ್ರ. ನೌಕರಿಗೆ ಸೇರುವ ಯುವಕನಿಂದ, ಸಾಲ ಕೇಳುವ ರೈತನಿಂದ, ಸರಕು ಸಾಗಿಸುವ ಲಾರಿಯ ಮಾಲೀಕನಿಂದ, ಮನೆ ಬಾಡಿಗೆ ಹಿಡಿಯುವವನಿಂದ ಇದನ್ನು ಬರೆಸಿಕೊಳ್ಳಲಾಗುತ್ತದೆ. ಹೆಸರೇನೋ ಸೌಮ್ಯವಾಗಿದೆ: ನಷ್ಟವನ್ನು ತುಂಬಿಕೊಡುವುದು ಯಾರಿಗೆ ತಾನೇ ಅನ್ಯಾಯವೆನಿಸೀತು? ಆದರೆ ಹೆಸರಿನ ಒಳಗಿರುವುದು ನಷ್ಟಭರ್ತಿಯೋ ಶಿಕ್ಷೆಯೋ ಎಂಬುದನ್ನು ಪರಿಶೀಲಿಸದೆ ಸಹಿ ಮಾಡುವುದೂ, ಸಹಿ ಮಾಡಿಸಿಕೊಳ್ಳುವುದೂ ಸಮಾನವಾಗಿ ಅವಿವೇಕ. ೨೦೨೫ರ ಮೇ ೧೪ರಂದು ಸರ್ವೋಚ್ಚ ನ್ಯಾಯಾಲಯವು ಕರ್ನಾಟಕದ ಒಂದು ಮೊಕದ್ದಮೆಯಲ್ಲಿ ನೀಡಿದ ತೀರ್ಪು ಈ ವಿಚಾರವನ್ನು ಮತ್ತೆ ಮುನ್ನೆಲೆಗೆ ತಂದಿರುವುದರಿಂದ, ಅದರ ಗುಣದೋಷಗಳನ್ನು ತೂಗಿ ನೋಡುವುದು ವರ್ತಕ ಸಮಾಜಕ್ಕೆ ಅವಶ್ಯವಾಗಿದೆ.

ಮೊದಲು ಪದಗಳ ಅರ್ಥವನ್ನು ಸ್ಪಷ್ಟಪಡಿಸಿಕೊಳ್ಳಬೇಕು. ಅಧಿನಿಯಮದ ೧೨೪ನೆಯ ಕಲಮಿನ ಪ್ರಕಾರ ನಷ್ಟಭರ್ತಿ ಕರಾರೆಂದರೆ, ವಚನ ಕೊಟ್ಟವನ ನಡತೆಯಿಂದಾಗಲಿ ಬೇರೊಬ್ಬನ ನಡತೆಯಿಂದಾಗಲಿ ಇನ್ನೊಬ್ಬನಿಗೆ ಆಗುವ ನಷ್ಟದಿಂದ ಅವನನ್ನು ಕಾಪಾಡುವೆನೆಂಬ ವಚನ. ಇಲ್ಲಿ ಕೇಂದ್ರದಲ್ಲಿರುವುದು ನಷ್ಟ. ನಷ್ಟವಿಲ್ಲದಿದ್ದರೆ, ಅಥವಾ ನಷ್ಟದ ಹೊಣೆ ನಿಶ್ಚಿತವಾಗಿ ಮೈಮೇಲೆ ಬೀಳದಿದ್ದರೆ, ತುಂಬಿಕೊಡುವುದಕ್ಕೆ ಏನೂ ಇರುವುದಿಲ್ಲ. ೧೨೫ನೆಯ ಕಲಮು ಅಂತಹ ವಚನವನ್ನು ಪಡೆದವನು ಏನೇನನ್ನು ವಸೂಲು ಮಾಡಬಹುದೆಂದು ಎಣಿಸುತ್ತದೆ: ದಾವೆಯಲ್ಲಿ ತೆತ್ತ ಪರಿಹಾರ, ದಾವೆಯ ಖರ್ಚು, ವಿವೇಕದಿಂದ ಮಾಡಿಕೊಂಡ ರಾಜಿಯ ಮೊತ್ತ. ಇವೆಲ್ಲವೂ ಕೈಯಿಂದ ಹೋದ ಹಣ. ಕೈಗೆ ಹೊಸದಾಗಿ ಬರುವ ಲಾಭದ ಸೊಲ್ಲು ಅಲ್ಲಿ ಎಲ್ಲಿಯೂ ಇಲ್ಲ. ೭೩ನೆಯ ಕಲಮು ಕರಾರು ಮುರಿದಾಗ ಸಹಜವಾಗಿ ಉಂಟಾದ ನಷ್ಟಕ್ಕೆ ಪರಿಹಾರ ಕೊಡಿಸುತ್ತದೆ. ದೂರದ ನಷ್ಟಕ್ಕೆ ಕೊಡಿಸುವುದಿಲ್ಲ. ೧೮೯೯ರ ತಿದ್ದುಪಡಿಯಿಂದ ಇಂದಿನ ರೂಪ ಪಡೆದ ೭೪ನೆಯ ಕಲಮು, ಉಭಯ ಪಕ್ಷದವರೂ ಒಂದು ಮೊತ್ತವನ್ನು ಮೊದಲೇ ಬರೆದಿಟ್ಟಿದ್ದರೆ ಅದನ್ನು ಕೇವಲ ಗರಿಷ್ಠ ಮಿತಿಯೆಂದು ಪರಿಗಣಿಸುತ್ತದೆ. ನಾಲ್ಕು ಕಲಮುಗಳ ಹಿಂದಿರುವ ತತ್ತ್ವವೂ ಒಂದೇ: ಖಾಸಗಿ ಒಪ್ಪಂದದಲ್ಲಿ ಪರಿಹಾರಕ್ಕೆ ಸ್ಥಾನವಿದೆ, ಶಿಕ್ಷೆಗೆ ಸ್ಥಾನವಿಲ್ಲ. ಶಿಕ್ಷಿಸುವ ಅಧಿಕಾರ ರಾಜ್ಯದ್ದು. ಅದನ್ನು ವರ್ತಕನು ಛಾಪಾ ಕಾಗದದ ಮೇಲೆ ಬರೆದುಕೊಂಡು ತನ್ನದಾಗಿಸಿಕೊಳ್ಳಲಾಗದು.

ಇದು ಇಂಗ್ಲಿಷರಿಂದ ಬಂದ ವಿಚಾರ, ಈ ನೆಲಕ್ಕೆ ಸಂಬಂಧವಿಲ್ಲದ್ದು ಎಂದು ಕೆಲವರು ಭಾವಿಸುವುದುಂಟು. ಕಲ್ಯಾಣದ ಚಾಲುಕ್ಯ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ, ಇಂದಿನ ಬಸವಕಲ್ಯಾಣದಲ್ಲಿ, ವಿಜ್ಞಾನೇಶ್ವರನು ಯಾಜ್ಞವಲ್ಕ್ಯ ಸ್ಮೃತಿಗೆ ಬರೆದ ಮಿತಾಕ್ಷರಾ ವ್ಯಾಖ್ಯಾನವನ್ನು ತೆರೆದರೆ ಈ ಭಾವನೆ ನಿಲ್ಲುವುದಿಲ್ಲ. ಅಲ್ಲಿ ಸತ್ಯಂಕಾರವೆಂಬ ವ್ಯವಹಾರದ ಚರ್ಚೆಯಿದೆ. ಕ್ರಯದ ಮಾತು ಮುಗಿದಾಗ ಅದು ನಿಜವೆಂಬುದಕ್ಕೆ ಉಂಗುರದಂತಹ ಒಂದು ವಸ್ತುವನ್ನು ಎದುರಿನವನ ಕೈಯಲ್ಲಿ ಇಡುವುದೇ ಸತ್ಯಂಕಾರ. ಕೊಟ್ಟವನೇ ಮಾತು ತಪ್ಪಿದರೆ ಕೊಟ್ಟದ್ದನ್ನು ಕಳೆದುಕೊಳ್ಳುತ್ತಾನೆ. ಪಡೆದವನು ಮಾತು ತಪ್ಪಿದರೆ ಪಡೆದುದರ ಇಮ್ಮಡಿಯನ್ನು ಹಿಂದಿರುಗಿಸಬೇಕು. ಕನ್ನಡದ 'ಸಂಚಕಾರ' ಈ ಸತ್ಯಂಕಾರದ ತದ್ಭವವೇ. ಸತ್ಯವನ್ನು ಸ್ಥಾಪಿಸುವ ಮುಂಗಡವೆಂಬ ಅರ್ಥದಲ್ಲಿದ್ದ ಪದವು ಇಂದಿನ ಮಾತಿನಲ್ಲಿ ಕೇಡು, ಅಪಾಯ ಎಂಬ ಅರ್ಥಕ್ಕೆ ಇಳಿದಿರುವುದು ಚಿಂತನಾರ್ಹ. ಮುಂಗಡವು ಎಷ್ಟು ಮಂದಿಯ ಪಾಲಿಗೆ ಉರುಳಾಯಿತೆಂಬುದನ್ನು ಭಾಷೆಯೇ ನೆನಪಿಟ್ಟುಕೊಂಡಿರುವಂತಿದೆ.

ಸತ್ಯಂಕಾರದಲ್ಲಿ ದಂಡದ ಅಂಶವಿಲ್ಲವೇ, ಇಮ್ಮಡಿ ತೆರಿಸುವುದು ಶಿಕ್ಷೆಯಲ್ಲವೇ ಎಂದು ಕೇಳಬಹುದು. ಅಂಶವಿದೆ, ನಿಜ. ಆದರೆ ಎರಡು ಲಕ್ಷಣಗಳನ್ನು ಗಮನಿಸಬೇಕು. ಒಂದು, ಅದು ಎರಡೂ ಕಡೆಗೆ ಕತ್ತರಿಸುವ ಕತ್ತಿ. ಕೊಂಡವನಿಗೆ ಒಂದು ನ್ಯಾಯ, ಮಾರಿದವನಿಗೆ ಇನ್ನೊಂದು ನ್ಯಾಯ ಎಂಬುದಿಲ್ಲ. ಎರಡು, ಅದಕ್ಕೆ ಅಳತೆಯಿದೆ. ಕೈಯಲ್ಲಿಟ್ಟ ಉಂಗುರದಷ್ಟೇ ಅಪಾಯ. ಮನೆ ಹೊಲಗಳಿಗೆ ಅದು ವ್ಯಾಪಿಸದು. ಇದೇ ಸ್ಮೃತಿಯು ಬಾಡಿಗೆಗೆ ಸರಕು ಸಾಗಿಸುವವನು ಸರಕನ್ನು ಕಳೆದರೆ ತುಂಬಿಕೊಡಬೇಕೆಂದು ಹೇಳುವಾಗ, ರಾಜನಿಂದಾಗಲಿ ದೈವದಿಂದಾಗಲಿ ಆದ ಹಾನಿಯನ್ನು ಹೊರಗಿಡುತ್ತದೆ. ಕನ್ನಡ ನಾಡಿನ ಹಳೆಯ ವ್ಯವಹಾರಗಳಲ್ಲಿ ರೂಢಿಯಲ್ಲಿದ್ದ 'ರಾಜಿಕ ದೈವಿಕ' ಎಂಬ ನುಡಿ ಇದರಿಂದಲೇ ಬಂದಿತು. ಸಾಲದ ಬೆಳವಣಿಗೆಗೂ ಸ್ಮೃತಿ ಎಲ್ಲೆ ಕಟ್ಟಿತು: ಹೊನ್ನಾದರೆ ಇಮ್ಮಡಿ, ಧಾನ್ಯವಾದರೆ ಮುಮ್ಮಡಿ, ಅದರಾಚೆಗೆ ಬೆಳೆಯದು. ಅದೂ ಕಾಲಕ್ರಮದಲ್ಲಿ ಬೆಳೆಯುವ ಬಡ್ಡಿಗೆ ಹಾಕಿದ ಮಿತಿ. ಒಂದು ರಾತ್ರಿ ಕಳೆದ ಮಾತ್ರಕ್ಕೆ ೧೦ ಮಣವು ೨೦ ಮಣವಾಗಲಿ ಎಂಬ ಅಪ್ಪಣೆಯಲ್ಲ.

ಇದಕ್ಕೆ ವ್ಯತಿರಿಕ್ತವಾದ ಮತ್ತೊಂದು ಪರಂಪರೆಯೂ ಈ ನೆಲದಲ್ಲಿದೆ. ಕೊಪಣ ತೀರ್ಥವೆಂದು ಹೆಸರಾದ ಕೊಪ್ಪಳದ ಸೀಮೆಯಲ್ಲಿಯೂ ಕನ್ನಡ ನಾಡಿನ ಉದ್ದಗಲಕ್ಕೂ ದೊರೆಯುವ ದಾನಶಾಸನಗಳ ಕೊನೆಯಲ್ಲಿ ಶಾಪಾಶಯವಿರುತ್ತದೆ. ಧರ್ಮವನ್ನು ಅಳಿದವನಿಗೆ ವಾರಣಾಸಿಯಲ್ಲಿ ಕವಿಲೆಗಳನ್ನು ಕೊಂದ ಪಾಪ ಬರಲೆಂದೂ, ಅವನು ಅರವತ್ತು ಸಾವಿರ ವರ್ಷ ಹುಳುವಾಗಿ ಹುಟ್ಟಲೆಂದೂ ಅವು ಸಾರುತ್ತವೆ. ಇಲ್ಲಿ ತಪ್ಪಿಗೂ ಫಲಕ್ಕೂ ಯಾವ ತೂಕವೂ ಇಲ್ಲ. ಇರಬೇಕೆಂಬ ಉದ್ದೇಶವೂ ಇಲ್ಲ. ಭಯ ಹುಟ್ಟಿಸುವುದೇ ಅದರ ಕೆಲಸ. ಆ ಶಾಪವನ್ನು ಯಾರೂ ವಸೂಲು ಮಾಡುತ್ತಿರಲಿಲ್ಲ, ಅದರಿಂದ ಯಾರ ತಿಜೋರಿಯೂ ತುಂಬುತ್ತಿರಲಿಲ್ಲ ಎಂಬುದು ಅದರ ಸಮರ್ಥನೆ. ಇಂದಿನ ದಂಡದ ಷರತ್ತುಗಳು ಶಾಪಾಶಯದ ಭಯವನ್ನು ಉಳಿಸಿಕೊಂಡು, ವಸೂಲಿಯ ಸೌಕರ್ಯವನ್ನು ಅದಕ್ಕೆ ಸೇರಿಸಿವೆ. ದೋಷವಿರುವುದು ಈ ಸೇರ್ಪಡೆಯಲ್ಲಿ.

ಇನ್ನು ಪ್ರಸ್ತುತ ತೀರ್ಪಿಗೆ ಬರಬಹುದು. ೧೯೩೧ರಲ್ಲಿ ಮಂಗಳೂರಿನಲ್ಲಿ ಸ್ಥಾಪನೆಗೊಂಡು, ಬೆಂಗಳೂರನ್ನು ಕೇಂದ್ರವಾಗಿ ಮಾಡಿಕೊಂಡು ಬೆಳೆದು, ೨೦೧೯ರ ಏಪ್ರಿಲ್ ೧ರಂದು ಬ್ಯಾಂಕ್ ಆಫ್ ಬರೋಡಾದಲ್ಲಿ ವಿಲೀನವಾದ ವಿಜಯಾ ಬ್ಯಾಂಕು ೨೦೦೬ರಲ್ಲಿ ಅಧಿಕಾರಿಗಳ ನೇಮಕಾತಿಗೆ ಪ್ರಕಟಣೆ ಹೊರಡಿಸಿತು. ಆಯ್ಕೆಯಾದವರು ಕನಿಷ್ಠ ೩ ವರ್ಷ ಸೇವೆ ಸಲ್ಲಿಸಬೇಕು. ಅದಕ್ಕೆ ಮೊದಲೇ ಬಿಟ್ಟರೆ ೨ ಲಕ್ಷ ರೂಪಾಯಿ ತೆರಬೇಕು. ಇದಕ್ಕಾಗಿ ನಷ್ಟಭರ್ತಿ ಪತ್ರ ಬರೆದುಕೊಡಬೇಕು ಎಂಬುದು ಅದರ ಒಂದು ಷರತ್ತು. ಬ್ಯಾಂಕಿನಲ್ಲಿಯೇ ಮೊದಲು ಕೆಳಗಿನ ದರ್ಜೆಯಲ್ಲಿದ್ದ ಒಬ್ಬ ಅಧಿಕಾರಿ ಈ ಪ್ರಕಟಣೆಯಂತೆ ಹಿರಿಯ ವ್ಯವಸ್ಥಾಪಕ ಹುದ್ದೆಗೆ ಆಯ್ಕೆಯಾಗಿ ೨೦೦೭ರ ಸೆಪ್ಟೆಂಬರಿನಲ್ಲಿ ಅಧಿಕಾರ ವಹಿಸಿಕೊಂಡರು. ೨೦೦೯ರ ಜುಲೈನಲ್ಲಿ ಇನ್ನೊಂದು ಬ್ಯಾಂಕಿಗೆ ಸೇರುವ ಸಲುವಾಗಿ ರಾಜೀನಾಮೆಯಿತ್ತರು. ಅದೇ ವರ್ಷದ ಅಕ್ಟೋಬರಿನಲ್ಲಿ ಆಕ್ಷೇಪಣೆಯನ್ನು ದಾಖಲಿಸಿ ೨ ಲಕ್ಷ ರೂಪಾಯಿ ಕಟ್ಟಿದರು. ಅನಂತರ ಕರ್ನಾಟಕ ಉಚ್ಚ ನ್ಯಾಯಾಲಯದ ಮೊರೆಹೊಕ್ಕರು. ಏಕಸದಸ್ಯ ಪೀಠವೂ ವಿಭಾಗೀಯ ಪೀಠವೂ ಅವರ ಪರವಾಗಿ ತೀರ್ಪಿತ್ತವು. ಬ್ಯಾಂಕು ಮೇಲ್ಮನವಿ ಸಲ್ಲಿಸಿತು. ನ್ಯಾಯಮೂರ್ತಿ ಪಿ. ಎಸ್. ನರಸಿಂಹ ಮತ್ತು ನ್ಯಾಯಮೂರ್ತಿ ಜೋಯ್‌ಮಾಲ್ಯ ಬಾಗ್ಚಿ ಅವರ ಪೀಠವು ಮೇಲ್ಮನವಿಯನ್ನು ಪುರಸ್ಕರಿಸಿ ಷರತ್ತನ್ನು ಎತ್ತಿಹಿಡಿಯಿತು.

ತೀರ್ಪಿನ ತರ್ಕವನ್ನು ನ್ಯಾಯವಾಗಿ ನಿರೂಪಿಸಬೇಕು. ನೌಕರಿಯಲ್ಲಿರುವಾಗಿನ ಅವಧಿಗೆ ಮಾತ್ರ ಅನ್ವಯಿಸುವ ನಿರ್ಬಂಧವು ೨೭ನೆಯ ಕಲಮು ನಿಷೇಧಿಸುವ ವೃತ್ತಿನಿರೋಧವಲ್ಲ ಎಂಬುದು ಅದರ ಮೊದಲ ಮಾತು. ಇದು ಹಿಂದಿನ ತೀರ್ಪುಗಳಿಗೆ ಅನುಗುಣವಾಗಿದೆ. ಎರಡನೆಯದು ೨೩ನೆಯ ಕಲಮಿನ ಸಾರ್ವಜನಿಕ ನೀತಿಯ ಪ್ರಶ್ನೆ. ನೌಕರಿಯ ಸಿದ್ಧಮಾದರಿ ಕರಾರುಗಳಲ್ಲಿ ಇಬ್ಬರ ಬಲವೂ ಸಮಾನವಲ್ಲ ಎಂಬುದನ್ನು ಪೀಠ ಒಪ್ಪುತ್ತದೆ. ಆದರೆ ಉದಾರೀಕರಣದ ನಂತರ ಸಾರ್ವಜನಿಕ ವಲಯದ ಬ್ಯಾಂಕುಗಳು ಖಾಸಗಿಯವರೊಡನೆ ಸ್ಪರ್ಧಿಸಬೇಕಾಗಿದೆ, ಅನುಭವಿಗಳನ್ನು ಉಳಿಸಿಕೊಳ್ಳಬೇಕಾಗಿದೆ, ಒಬ್ಬನು ನಡುವೆ ಬಿಟ್ಟು ಹೋದರೆ ಅವರು ಖಾಸಗಿಯವರಂತೆ ಮರುದಿನವೇ ಇನ್ನೊಬ್ಬನನ್ನು ಕರೆತರಲಾರರು, ಬಹಿರಂಗ ಪ್ರಕಟಣೆ ಹಾಗೂ ಸ್ಪರ್ಧೆಯ ದೀರ್ಘವೂ ದುಬಾರಿಯೂ ಆದ ದಾರಿಯನ್ನೇ ಹಿಡಿಯಬೇಕು ಎನ್ನುತ್ತದೆ. ಹಿರಿಯ ಹುದ್ದೆಯ ಉತ್ತಮ ವೇತನವಿದ್ದವನಿಗೆ ೨ ಲಕ್ಷ ರೂಪಾಯಿ ರಾಜೀನಾಮೆಯನ್ನೇ ಅಸಾಧ್ಯವಾಗಿಸುವಷ್ಟು ದೊಡ್ಡ ಮೊತ್ತವಲ್ಲ. ಅವನು ಅದನ್ನು ಕಟ್ಟಿಯೇ ಹೋದನು ಎಂಬುದನ್ನೂ ಗಮನಿಸುತ್ತದೆ.

ಈ ತರ್ಕದಲ್ಲಿ ವರ್ತಕನು ತಲೆದೂಗಬೇಕಾದ ಭಾಗ ದೊಡ್ಡದಿದೆ. ಪ್ರಕಟಣೆಯನ್ನು ಓದಿ, ಷರತ್ತನ್ನು ತಿಳಿದು, ಸಹಿ ಮಾಡಿ, ಹುದ್ದೆಯ ಲಾಭವನ್ನು ಪಡೆದವನು ಬಳಿಕ ಆ ಮಾತು ತನ್ನನ್ನು ಕಟ್ಟದು ಎನ್ನುವುದು ಸತ್ಯವ್ರತಕ್ಕೆ ಹೊಂದುವಂತಹದಲ್ಲ. ವಚನಕ್ಕೆ ಬೆಲೆಯಿಲ್ಲದ ಕಡೆ ವ್ಯಾಪಾರವೇ ನಿಲ್ಲದು. ನೇಮಕಾತಿಯ ವೆಚ್ಚ ಕಾಲ್ಪನಿಕವೂ ಅಲ್ಲ. ಒಬ್ಬ ಗುಮಾಸ್ತನನ್ನು ತರಬೇತು ಮಾಡಿ ಲೆಕ್ಕ ಒಪ್ಪಿಸಿದ ಮೇಲೆ ಅವನು ಪಕ್ಕದ ಅಂಗಡಿಗೆ ಹೋದಾಗ ಆಗುವ ಹಾನಿಯನ್ನು ಅಂಗಡಿ ನಡೆಸಿದವರೆಲ್ಲ ಬಲ್ಲರು. ಆದುದರಿಂದ ತೀರ್ಪಿನ ಅಂತಿಮ ಫಲವನ್ನು ಅನ್ಯಾಯವೆಂದು ಕರೆಯುವುದು ಆತುರದ ಮಾತಾದೀತು. ವಿಮರ್ಶೆ ಸಲ್ಲಬೇಕಾದುದು ಫಲಕ್ಕಲ್ಲ, ಆ ಫಲಕ್ಕೆ ತಲುಪಿದ ದಾರಿಗೆ ಮತ್ತು ಆ ದಾರಿಯಲ್ಲಿ ಕೇಳದೇ ಉಳಿದ ಪ್ರಶ್ನೆಗಳಿಗೆ.

ಮೊದಲನೆಯ ಪ್ರಶ್ನೆ ಹೆಸರಿನದು. ಪತ್ರದ ಹೆಸರು ನಷ್ಟಭರ್ತಿ. ಆದರೆ ಬ್ಯಾಂಕು ತನಗೆ ಎಷ್ಟು ನಷ್ಟವಾಯಿತೆಂದು ಲೆಕ್ಕ ತೋರಿಸಬೇಕಾದ ಹೊಣೆ ಅದರಲ್ಲಿಲ್ಲ. ರಾಜೀನಾಮೆ ಎಂಬ ಘಟನೆ ನಡೆದೊಡನೆ ನಿಗದಿಯಾದ ಮೊತ್ತ ಸಲ್ಲಬೇಕು. ಇದು ೧೨೪ನೆಯ ಕಲಮಿನ ನಷ್ಟಭರ್ತಿಯಲ್ಲ. ಕರಾರುಭಂಗಕ್ಕೆ ಮೊದಲೇ ಕಟ್ಟಿದ ಬೆಲೆ. ಅಂತಹ ಬೆಲೆಯನ್ನು ಪರೀಕ್ಷಿಸಬೇಕಾದ ಒರೆಗಲ್ಲು ೭೪ನೆಯ ಕಲಮು. ತೀರ್ಪಿನ ಮುಖ್ಯ ವಿಚಾರಣೆ ೨೭ ಮತ್ತು ೨೩ನೆಯ ಕಲಮುಗಳ ಸುತ್ತ ನಡೆದುದರಿಂದ, ಮೊತ್ತವು 'ಹೆಚ್ಚೇನಲ್ಲ' ಎಂಬ ನಿರ್ಣಯ ದೊರೆಯಿತೇ ಹೊರತು 'ಎಷ್ಟರ ನಷ್ಟಕ್ಕೆ ಎಷ್ಟು' ಎಂಬ ಲೆಕ್ಕ ದೊರೆಯಲಿಲ್ಲ. ಭಾರ ಹೊರುವವನ ಶಕ್ತಿಯನ್ನು ಅಳೆಯಲಾಯಿತು. ಭಾರದ ತೂಕವನ್ನು ಅಳೆಯಲಿಲ್ಲ. ಎರಡೂ ಒಂದೇ ಅಲ್ಲ.

ಇದೇ ನ್ಯಾಯಾಲಯವು ಹಿಂದೆ ಈ ತೂಕವನ್ನು ನಿಷ್ಕರ್ಷೆಯಿಂದ ಅಳೆದಿರುವುದನ್ನು ಸ್ಮರಿಸಬೇಕು. ೧೯೬೩ರ ಫತೇಚಂದ್ ಮೊಕದ್ದಮೆಯಲ್ಲಿ ಮಾರಾಟಗಾರನು ಮುಟ್ಟುಗೋಲು ಹಾಕಿಕೊಂಡ ೨೫,೦೦೦ ರೂಪಾಯಿಗಳಲ್ಲಿ ನಿಜವಾದ ಸಂಚಕಾರವಾಗಿದ್ದ ೧,೦೦೦ ರೂಪಾಯಿಯನ್ನು ಅದು ಅವನಿಗೆ ಬಿಟ್ಟು, ಉಳಿದ ೨೪,೦೦೦ ರೂಪಾಯಿಯನ್ನು ದಂಡವೆಂದು ಎಣಿಸಿತು. ೨೦೧೫ರ ಕೈಲಾಶ್ ನಾಥ್ ಮೊಕದ್ದಮೆ ಇನ್ನೂ ಬೋಧಪ್ರದ. ದೆಹಲಿ ಅಭಿವೃದ್ಧಿ ಪ್ರಾಧಿಕಾರವು ೧೯೮೨ರಲ್ಲಿ ನಿವೇಶನವೊಂದನ್ನು ೩.೧೨ ಕೋಟಿ ರೂಪಾಯಿಗೆ ಹರಾಜು ಮಾಡಿ, ೭೮ ಲಕ್ಷ ರೂಪಾಯಿ ಮುಂಗಡ ಪಡೆದು, ಕಡೆಗೆ ವ್ಯವಹಾರವನ್ನು ರದ್ದುಗೊಳಿಸಿ ಮುಂಗಡವನ್ನು ಜಪ್ತಿ ಮಾಡಿತು. ಅದೇ ನಿವೇಶನವನ್ನು ೧೯೯೪ರಲ್ಲಿ ೧೧.೭೮ ಕೋಟಿಗೆ ಮಾರಿತು. ನಷ್ಟವೇ ಆಗದವನಿಗೆ ಪರಿಹಾರವೆಲ್ಲಿಯದು ಎಂದು ಕೇಳಿದ ಸರ್ವೋಚ್ಚ ನ್ಯಾಯಾಲಯ ಮುಂಗಡವನ್ನು ಹಿಂದಿರುಗಿಸಲು ಆದೇಶಿಸಿತು. ನಷ್ಟವನ್ನು ಸಿದ್ಧಪಡಿಸಲು ಸಾಧ್ಯವಿರುವ ಕಡೆ ಸಿದ್ಧಪಡಿಸಲೇಬೇಕು. ಸಾಧ್ಯವಿಲ್ಲದ ಕಡೆ ಮಾತ್ರ, ಮೊದಲೇ ಬರೆದ ಮೊತ್ತವು ಪ್ರಾಮಾಣಿಕ ಅಂದಾಜಾಗಿದ್ದರೆ, ಅದನ್ನು ಕೊಡಿಸಬಹುದು ಎಂಬ ಸೂತ್ರವನ್ನೂ ಹಾಕಿಕೊಟ್ಟಿತು. ಬ್ಯಾಂಕಿನ ಮೊಕದ್ದಮೆಯನ್ನು ಈ ಸೂತ್ರದ ಮೇಲೆಯೇ ನಿಲ್ಲಿಸಿ ನೋಡಿದ್ದರೆ ಬಹುಶಃ ಬ್ಯಾಂಕೇ ಗೆಲ್ಲುತ್ತಿತ್ತು. ನೇಮಕಾತಿಯ ವೆಚ್ಚವನ್ನು ತಲೆಗೆ ಇಷ್ಟೆಂದು ವಿಂಗಡಿಸುವುದು ಕಷ್ಟವೇ ಸರಿ. ಆದರೆ ಗೆಲುವಿನ ಜೊತೆಗೆ ಒಂದು ಅಳತೆಗೋಲೂ ನಾಡಿಗೆ ದೊರೆಯುತ್ತಿತ್ತು.

ಎರಡನೆಯ ಪ್ರಶ್ನೆ ಗಣಿತದ್ದು. ಮೊದಲನೆಯ ತಿಂಗಳಲ್ಲಿ ಬಿಟ್ಟವನೂ ಮೂವತ್ತೈದನೆಯ ತಿಂಗಳಲ್ಲಿ ಬಿಟ್ಟವನೂ ತೆರಬೇಕಾದದ್ದು ಅದೇ ೨ ಲಕ್ಷ ರೂಪಾಯಿ. ಪ್ರಾಮಾಣಿಕ ಅಂದಾಜಾಗಿದ್ದರೆ ಸೇವೆ ಸಂದಂತೆ ಮೊತ್ತ ಇಳಿಯಬೇಕಿತ್ತು. ಪ್ರಸ್ತುತ ಅಧಿಕಾರಿ ೨೧ ತಿಂಗಳಿಗೂ ಮೇಲ್ಪಟ್ಟು ಸೇವೆ ಸಲ್ಲಿಸಿ ರಾಜೀನಾಮೆಯಿತ್ತರು. ೩೬ ತಿಂಗಳಲ್ಲಿ ಉಳಿದದ್ದು ೧೫ಕ್ಕೂ ಕಡಿಮೆ. ಪ್ರಮಾಣಾನುಸಾರ ಲೆಕ್ಕ ಹಾಕಿದರೆ ಅವರಿಂದ ಸಲ್ಲಬೇಕಾದದ್ದು ೮೩,೩೩೪ ರೂಪಾಯಿಗಳನ್ನು ಮೀರದು. ಉಳಿದ ಒಂದು ಲಕ್ಷಕ್ಕೂ ಮಿಕ್ಕ ಹಣ ಯಾವ ನಷ್ಟದ ಭರ್ತಿ ಎಂಬುದಕ್ಕೆ ಪತ್ರದಲ್ಲಿ ಉತ್ತರವಿಲ್ಲ. ಬೆಂಕಿ ವಿಮೆಯವನು ಕೂಡ ಸುಟ್ಟಷ್ಟಕ್ಕೆ ಮಾತ್ರ ಹಣ ಕೊಡುತ್ತಾನೆ. ಒಂದು ಮೂಲೆ ಸುಟ್ಟರೆ ಇಡೀ ಗೋದಾಮಿನ ಬೆಲೆ ಕೊಡುವುದಿಲ್ಲ.

ಮೂರನೆಯ ಪ್ರಶ್ನೆ ಪರಸ್ಪರತೆಯದು. ಮಿತಾಕ್ಷರೆಯ ಉಂಗುರ ಎರಡೂ ಕಡೆಗೆ ಸಾಕ್ಷಿಯಾಗಿತ್ತು. ಇಂದಿನ ನೌಕರಿಯ ಬಾಂಡುಗಳಲ್ಲಿ ಬರೆದುಕೊಡುವವನು ಒಬ್ಬನೇ. ಮೂರು ವರ್ಷದೊಳಗೆ ಕಾರಣವಿಲ್ಲದೆ ನೌಕರನನ್ನು ಬಿಡಿಸಿದರೆ ತಾನೂ ಅಷ್ಟೇ ಮೊತ್ತ ಕೊಡುವೆನೆಂದು ಬರೆದುಕೊಡುವ ಮಾಲೀಕನನ್ನು ಕಾಣುವುದು ದುರ್ಲಭ. ಒಂದು ಕೈಯ ವಚನ ಕರಾರೆನಿಸಬಹುದು, ಆದರೆ ಸಮನ್ಯಾಯವೆನಿಸದು.

ನಾಲ್ಕನೆಯದು ತೀರ್ಪಿನ ವ್ಯಾಪ್ತಿಯ ಪ್ರಶ್ನೆ. ಹಿರಿಯ ಹುದ್ದೆ, ಉತ್ತಮ ವೇತನ, ಸಾರ್ವಜನಿಕ ಸಂಸ್ಥೆಯ ನೇಮಕಾತಿಯ ವಿಶೇಷ ತೊಡಕು ಇವುಗಳನ್ನು ಆಧರಿಸಿ ಬಂದ ನಿರ್ಣಯವನ್ನು, ದಾದಿಯರಿಂದ, ಶಾಲಾ ಶಿಕ್ಷಕರಿಂದ, ಅಂಗಡಿಯ ಹುಡುಗರಿಂದ ಬಾಂಡು ಬರೆಸಿಕೊಳ್ಳುವ ಖಾಸಗಿ ಮಾಲೀಕರು ತಮಗೆ ದೊರೆತ ಪರವಾನಗಿಯೆಂದು ಭಾವಿಸುವ ಅಪಾಯವಿದೆ. ತೀರ್ಪಿನ ಆಧಾರಗಳಲ್ಲಿ ಒಂದೂ ಅವರಿಗೆ ಅನ್ವಯಿಸದು. ಇದನ್ನು ವರ್ತಕರು ತಾವಾಗಿಯೇ ತಿಳಿದುಕೊಂಡರೆ ನ್ಯಾಯಾಲಯಗಳ ಕೆಲಸ ಹಗುರಾದೀತು.

ಇಲ್ಲಿಂದ ನವಲಿಯ ಹೊಲಕ್ಕೆ ಹಿಂದಿರುಗಿದರೆ ಪ್ರಶ್ನೆಯ ತೀವ್ರತೆ ಇನ್ನಷ್ಟು ಸ್ಪಷ್ಟವಾಗುತ್ತದೆ. ತುಂಗಭದ್ರಾ ಜಲಾಶಯದಲ್ಲಿ ಹೂಳು ತುಂಬಿ ಮೂಲ ಸಾಮರ್ಥ್ಯವಾದ ಸುಮಾರು ೧೩೩ ಟಿ.ಎಂ.ಸಿ. ಅಡಿ ಸುಮಾರು ೧೦೫ಕ್ಕೆ ಇಳಿದಿರುವುದರಿಂದ, ಆ ಕೊರತೆಯನ್ನು ತುಂಬಲು ನವಲಿಯ ಬಳಿ ಸಮತೋಲನ ಜಲಾಶಯ ಕಟ್ಟುವ ಪ್ರಸ್ತಾವ ಬಹುಕಾಲದಿಂದ ಚರ್ಚೆಯಲ್ಲಿದೆ. ಹೂಳು ತಂದ ನಷ್ಟಕ್ಕೆ ರೈತನಿಗೆ ನಷ್ಟಭರ್ತಿ ಬರೆದುಕೊಟ್ಟವರು ಯಾರೂ ಇಲ್ಲ. ೨೦೨೪ರ ಆಗಸ್ಟ್ ೧೦ರ ರಾತ್ರಿ ಅಣೆಕಟ್ಟಿನ ೧೯ನೆಯ ಕ್ರೆಸ್ಟ್ ಗೇಟು ಸರಪಳಿ ತುಂಡಾಗಿ ಕೊಚ್ಚಿಹೋದಾಗ, ತಾತ್ಕಾಲಿಕ ತಡೆಗೇಟು ಕೂರುವವರೆಗೆ ಇಡೀ ಅಚ್ಚುಕಟ್ಟು ಪ್ರದೇಶವೇ ಉಸಿರು ಬಿಗಿಹಿಡಿದಿತ್ತು. ಅಂತಹ ವರ್ಷದಲ್ಲಿ ಈ ಸೀಮೆಯ ಒಬ್ಬ ಗುತ್ತಿಗೆಯ ರೈತನು ಎಕರೆಗೆ ಇಷ್ಟು ಚೀಲ ಭತ್ತ ಅಳೆಯುವೆನೆಂದು ಹೊಲದ ಒಡೆಯನಿಗೂ, ಸುಗ್ಗಿಯಲ್ಲಿ ಮಾಲು ತರುವೆನೆಂದು ಗೊಬ್ಬರ ಕೊಟ್ಟ ದಲಾಲಿ ಅಂಗಡಿಗೂ ಮಾತು ಕೊಟ್ಟಿದ್ದನೆಂದು ಇಟ್ಟುಕೊಳ್ಳೋಣ. ನೀರು ನಿಂತರೆ ಎರಡು ಮಾತೂ ಒಟ್ಟಿಗೆ ತಪ್ಪುತ್ತವೆ. ವಿಜ್ಞಾನೇಶ್ವರನ ದೃಷ್ಟಿಯಲ್ಲಿ ಇದು ರಾಜಿಕ ದೈವಿಕ. ಒಡೆಯನ ದೃಷ್ಟಿಯಲ್ಲಿ ಮಾತು ಮಾತೇ.

ಇಂತಹ ಗುತ್ತಿಗೆಗೆ ನ್ಯಾಯಾಲಯದ ಆಸರೆಯೂ ಇಲ್ಲ. ೧೯೭೪ರ ಮಾರ್ಚ್ ೧ರಿಂದ ಜಾರಿಗೆ ಬಂದ ಭೂಸುಧಾರಣಾ ತಿದ್ದುಪಡಿಯ ತರುವಾಯ ಕರ್ನಾಟಕದಲ್ಲಿ ಕೆಲವು ವಿನಾಯಿತಿಗಳನ್ನು ಬಿಟ್ಟರೆ ಕೃಷಿಭೂಮಿಯನ್ನು ಗೇಣಿಗೆ ಕೊಡುವುದು ನಿಷಿದ್ಧ. ಆದುದರಿಂದ ಗುತ್ತಿಗೆ ಬಾಯಿಮಾತಿನಲ್ಲಿ ನಡೆಯುತ್ತದೆ; ಅದರ ಭದ್ರತೆಗೆ ಸಹಿ ಮಾಡಿದ ಖಾಲಿ ಚೆಕ್ಕು ಪಡೆಯುವ ರೂಢಿ ಬೆಳೆಯುತ್ತದೆ. ಇಲ್ಲಿ ಶಿಕ್ಷೆ ಇನ್ನೊಂದು ಬಾಗಿಲಿನಿಂದ ಪ್ರವೇಶಿಸುತ್ತದೆ. ೧೯೮೯ರ ಏಪ್ರಿಲ್ ೧ರಿಂದ ಜಾರಿಯಲ್ಲಿರುವ, ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಅಧಿನಿಯಮದ ೧೩೮ನೆಯ ಕಲಮಿನಂತೆ ಚೆಕ್ಕು ಅಮಾನ್ಯವಾದರೆ ಎರಡು ವರ್ಷದವರೆಗೆ ಸೆರೆವಾಸ, ಅಥವಾ ಚೆಕ್ಕಿನ ಇಮ್ಮಡಿಯವರೆಗೆ ಜುಲ್ಮಾನೆ, ಅಥವಾ ಎರಡೂ. ಸಹಿ ಮಾಡಿದ ಖಾಲಿ ಚೆಕ್ಕನ್ನು ಪಡೆದವನೇ ತುಂಬಿಕೊಂಡರೂ ಸಾಲದ ಪೂರ್ವಭಾವನೆ ಸಹಿ ಮಾಡಿದವನ ವಿರುದ್ಧವೇ ಇರುತ್ತದೆಂದು ೨೦೧೯ರಲ್ಲಿ ಸರ್ವೋಚ್ಚ ನ್ಯಾಯಾಲಯ ತಿಳಿಸಿದೆ. ಸಾಲವಿಲ್ಲವೆಂದು ತೋರಿಸುವ ಹೊಣೆ ಅವನದು. ಚೆಕ್ಕಿನ ಮೇಲಿನ ನಂಬಿಕೆಯನ್ನು ರಕ್ಷಿಸಲು ಮಾಡಿದ ಕಾನೂನು ಒಳ್ಳೆಯದೇ. ಆದರೆ ನೀರು ಬಾರದ ವರ್ಷದ ಹತ್ತು ಚೀಲ ಭತ್ತವನ್ನು ಖಾಲಿ ಚೆಕ್ಕಿನಲ್ಲಿ ಇಪ್ಪತ್ತು ಚೀಲದ ಬೆಲೆಯಾಗಿ ತುಂಬಿ ನ್ಯಾಯಾಲಯಕ್ಕೆ ಒಯ್ಯುವವನು, ೭೪ನೆಯ ಕಲಮು ಮುಚ್ಚಿದ ಬಾಗಿಲನ್ನು ೧೩೮ನೆಯ ಕಲಮಿನ ಕೀಲಿಯಿಂದ ತೆರೆದಂತಾಗುತ್ತದೆ.

ಸರ್ಕಾರಗಳೂ ನಿಯಂತ್ರಕ ಸಂಸ್ಥೆಗಳೂ ಇದನ್ನು ಗಮನಿಸಿಲ್ಲವೆಂದಲ್ಲ. ರಿಸರ್ವ್ ಬ್ಯಾಂಕು ೨೦೨೩ರ ಆಗಸ್ಟ್ ೧೮ರ ಸುತ್ತೋಲೆಯಲ್ಲಿ, ಸಾಲದ ಷರತ್ತು ತಪ್ಪಿದ್ದಕ್ಕೆ ದಂಡಬಡ್ಡಿ ವಿಧಿಸಬಾರದೆಂದೂ, ದಂಡಶುಲ್ಕವಿದ್ದರೆ ಅದು ಸಮಂಜಸವೂ ತಪ್ಪಿಗೆ ತಕ್ಕದ್ದೂ ಆಗಿರಬೇಕೆಂದೂ, ಅದನ್ನು ಅಸಲಿಗೆ ಸೇರಿಸಿ ಮತ್ತೆ ಬಡ್ಡಿ ಎಣಿಸಬಾರದೆಂದೂ, ದಂಡವನ್ನು ಆದಾಯದ ಮೂಲವಾಗಿ ಮಾಡಿಕೊಳ್ಳಬಾರದೆಂದೂ ಆದೇಶಿಸಿತು. ಹೊಸ ಸಾಲಗಳಿಗೆ ಇದು ೨೦೨೪ರ ಏಪ್ರಿಲ್ ೧ರಿಂದ ಅನ್ವಯವಾಯಿತು. ಕಿರುಸಾಲ ವಸೂಲಿಯ ಕಿರುಕುಳ ಮಿತಿಮೀರಿದಾಗ ಕರ್ನಾಟಕ ಸರ್ಕಾರವು ೨೦೨೫ರ ಫೆಬ್ರವರಿಯಲ್ಲಿ ಸುಗ್ರೀವಾಜ್ಞೆ ಹೊರಡಿಸಿ, ಬಲವಂತದ ವಸೂಲಿಗೆ ಹತ್ತು ವರ್ಷದವರೆಗಿನ ಸೆರೆವಾಸವನ್ನು ಗೊತ್ತುಪಡಿಸಬೇಕಾಯಿತು. ಖಾಸಗಿಯವರು ಶಿಕ್ಷೆಯನ್ನು ಕೈಗೆತ್ತಿಕೊಂಡರೆ ರಾಜ್ಯವು ಅವರನ್ನೇ ಶಿಕ್ಷಿಸಬೇಕಾಗಿ ಬರುತ್ತದೆ ಎಂಬುದಕ್ಕೆ ಬೇರೆ ನಿದರ್ಶನ ಬೇಡ.

ಆದರೆ ಕಾನೂನು ತಡೆಯುವುದು ಹೊರಗಿನಿಂದ. ಒಳಗಿನ ತಡೆ ಬೇರೆ. ತತ್ತ್ವಾರ್ಥಸೂತ್ರದ ಏಳನೆಯ ಅಧ್ಯಾಯದಲ್ಲಿ ಶ್ರಾವಕನ ಅಹಿಂಸಾಣುವ್ರತಕ್ಕೆ ಐದು ಅತಿಚಾರಗಳನ್ನು ಎಣಿಸಲಾಗಿದೆ: ಬಂಧ, ವಧ, ಛೇದ, ಅತಿಭಾರಾರೋಪಣ, ಅನ್ನಪಾನನಿರೋಧ. ಕಟ್ಟುವುದೂ, ಹೊರಲಾರದಷ್ಟು ಹೊರಿಸುವುದೂ, ಹೊಡೆಯುವುದರ ಜೊತೆಯಲ್ಲಿಯೇ ನಿಲ್ಲುತ್ತವೆ. ಇವನ್ನು ಎತ್ತು ಕುದುರೆಗಳಿಗೆ ಮಾತ್ರ ಅನ್ವಯಿಸಿ ತೃಪ್ತಿಪಡುವುದು ಸುಲಭ. ಆದರೆ ಬಾಂಡು ಎಂಬುದೂ ಒಂದು 'ಬಂಧ'ವೇ. ನಷ್ಟಕ್ಕೆ ಮೀರಿದ ಮೊತ್ತವೂ ಒಂದು ಅತಿಭಾರವೇ. ದುಡಿದ ಕೂಲಿಯನ್ನು ದಂಡದ ಬಾಬ್ತು ಹಿಡಿದಿಡುವುದು ಅನ್ನಪಾನನಿರೋಧವೇ. ಸತ್ಯಾಣುವ್ರತದ ಅತಿಚಾರಗಳಲ್ಲಿ ಸುಳ್ಳು ಪತ್ರ ಬರೆಯುವ ಕೂಟಲೇಖಕ್ರಿಯೆಯೂ ನ್ಯಾಸಾಪಹಾರವೂ ಇವೆ. ಖಾಲಿ ಕಾಗದದ ಮೇಲೆ ಪಡೆದ ಸಹಿಯು ಒಂದು ನ್ಯಾಸ, ನಂಬಿಕೆಯ ಇಡುಗಂಟು. ಅದರ ಮೇಲೆ ಬೇಕಾದ ಅಂಕಿ ಬರೆದುಕೊಳ್ಳುವವನು ಈ ಎರಡೂ ಅತಿಚಾರಗಳನ್ನು ಏಕಕಾಲದಲ್ಲಿ ಎಸಗುತ್ತಾನೆ.

ಮಾತು ತಪ್ಪಿದವನ ಕರ್ತವ್ಯವೂ ಇದರಿಂದ ಕಡಿಮೆಯಾಗದು. ಪ್ರಾಯಶ್ಚಿತ್ತದ ಒಂಬತ್ತು ಭೇದಗಳು ಆಲೋಚನೆಯಿಂದ, ಅಂದರೆ ತಪ್ಪನ್ನು ತಾನೇ ಗುರುವಿನ ಮುಂದೆ ನಿವೇದಿಸುವುದರಿಂದ, ಆರಂಭವಾಗುತ್ತವೆ. ತಪ್ಪಿದವನು ಮೊದಲು ಬಂದು ಹೇಳಬೇಕು, ಆದ ಹಾನಿಯನ್ನು ಒಪ್ಪಬೇಕು, ಕೈಲಾದಷ್ಟನ್ನು ತುಂಬಬೇಕು. ಮರೆಯಾಗುವ ಸಾಲಗಾರನಿಗೂ, ನೋಟೀಸು ಕೊಡದೆ ಬಿಟ್ಟುಹೋಗುವ ನೌಕರನಿಗೂ ಈ ಮಾತು ಸಲ್ಲುತ್ತದೆ. ಅಲ್ಲಿ ಪ್ರಾಯಶ್ಚಿತ್ತವು ದೋಷದ ತೂಕಕ್ಕೆ ಸರಿಯಾಗಿ ಏರುತ್ತ ಹೋಗುತ್ತದೆ ಎಂಬುದೂ, ಅದರಿಂದ ವಿಧಿಸಿದವನಿಗೆ ಯಾವ ಲಾಭವೂ ಇಲ್ಲವೆಂಬುದೂ ಮನನೀಯ. ದಂಡದಿಂದ ಲಾಭ ಪಡೆಯುವವನು ಎದುರಿನವನು ಮಾತು ತಪ್ಪಲಿ ಎಂದು ಒಳಗೊಳಗೇ ಹಾರೈಸತೊಡಗುತ್ತಾನೆ. ಆ ಹಾರೈಕೆಯೇ ವ್ಯಾಪಾರದ ಪತನ.

ಹೀಗಿರುವಲ್ಲಿ, ಪತ್ರ ಬರೆಸಿಕೊಳ್ಳುವವನು ಸಹಿಗೆ ಮೊದಲು ತನ್ನನ್ನು ತಾನೇ ಕೇಳಿಕೊಳ್ಳಬೇಕಾದ ಪ್ರಶ್ನೆಗಳು ಕೆಲವೇ. ತುಂಬಬೇಕಾದ ನಷ್ಟ ಯಾವುದೆಂದು ಪತ್ರದಲ್ಲಿ ಹೆಸರಿಸಿದೆಯೇ? ಸೇವೆಯೋ ಪಾವತಿಯೋ ಸಂದಂತೆ ಮೊತ್ತ ಇಳಿಯುತ್ತದೆಯೇ? ತಾನು ತಪ್ಪಿದರೆ ತಾನೂ ಅಷ್ಟೇ ತೆರಲು ಒಪ್ಪಿದ್ದಾನೆಯೇ? ರಾಜಿಕ ದೈವಿಕಕ್ಕೆ ಎಡೆ ಬಿಟ್ಟಿದೆಯೇ? ಖಾಲಿ ಬಿಟ್ಟ ಸ್ಥಳ ಎಲ್ಲಿಯಾದರೂ ಉಳಿದಿದೆಯೇ? ಈ ಐದಕ್ಕೂ ಸಮಾಧಾನಕರ ಉತ್ತರ ದೊರೆತರೆ ಅದು ನಷ್ಟಭರ್ತಿಯ ಪತ್ರ. ಮೇಲೆ ಬೇರೆ ಹೆಸರಿದ್ದರೂ ಚಿಂತೆಯಿಲ್ಲ. ಉತ್ತರ ದೊರೆಯದಿದ್ದರೆ ಅದು ದಂಡದ ಪತ್ರ. ಮೇಲೆ ಎಷ್ಟೇ ಸೌಮ್ಯವಾದ ಹೆಸರಿದ್ದರೂ ಹತ್ತು ಮಣವನ್ನು ಇಪ್ಪತ್ತು ಮಾಡುವ ಹಳೆಯ ಅಳತೆಯೇ ಅದರೊಳಗಿದೆ. ಸರ್ವೋಚ್ಚ ನ್ಯಾಯಾಲಯದ ತೀರ್ಪು ಆ ಅಳತೆಗೆ ಒಪ್ಪಿಗೆಯಿತ್ತಿಲ್ಲ. ಆದರೆ ಅದನ್ನು ತಡೆಯುವ ಪ್ರಶ್ನೆಗಳನ್ನು ಕೇಳುವ ಭಾರವನ್ನು ಬರೆಸಿಕೊಳ್ಳುವವನ ವಿವೇಕಕ್ಕೆ ಬಿಟ್ಟಂತಾಗಿದೆ. ಆ ಭಾರ ಮಾತ್ರ ಅತಿಭಾರವಲ್ಲ, ಅದನ್ನು ಹೊರಲೇಬೇಕು.